ಗೇಟಿನ ಹೊರಗಿನ ಹಾಜರಿ

ಇಪ್ಪತ್ತೆರಡು ವರ್ಷದ ಹಿಂದೆ ಸರ್ಕಾರ ಸಾರ್ವಜನಿಕ ಹಿತಕ್ಕಾಗಿ ನಲವತ್ತೊಂದು ಸಂಸಾರಗಳನ್ನು ಲಾರಿಯಲ್ಲಿ ಕರೆತಂದು ಊರಾಚೆಯ ಬಯಲೊಂದರಲ್ಲಿ ನೆಲೆ ನಿಲ್ಲಿಸಿತ್ತು. ಈಗ ಅದೇ ಸಾರ್ವಜನಿಕ ಹಿತಕ್ಕಾಗಿ ಅವರು ಜಾಗ ಖಾಲಿ ಮಾಡಬೇಕೆಂದು ಆದೇಶ ಬಂತು. ಅದನ್ನು ಬೋರ್ಡಿನ ಮೇಲೆ ಬರೆಯುವ ಕೆಲಸ ಬಿದ್ದದ್ದು ಏಳನೇ ಮನೆಯ ಪೇಂಟರ್ ಪಾಲಿಗೆ.

ಕಚೇರಿಯ ಗುಮಾಸ್ತ ಕೊಟ್ಟ ಒಕ್ಕಣೆಯನ್ನು ಅವನು ಎರಡು ಸಲ ಓದಿದ. ಹತ್ತನೇ ತಾರೀಕಿನೊಳಗೆ ಮನೆ ಬಿಡಬೇಕು. ಆಕ್ಷೇಪಣೆ ಇದ್ದವರು ಹನ್ನೆರಡಕ್ಕೆ ಬಡಾವಣೆಯೊಳಗಿನ ಶಾಲೆಯಲ್ಲಿ ಅಹವಾಲು ಹೇಳಿಕೊಳ್ಳಬಹುದು.

"ಸಾರ್, ತಾರೀಕು ಹಿಂದುಮುಂದಾಗಿದೆ ಅನ್ಸುತ್ತೆ."

"ಬರೆಯೋದು ನಿನ್ನ ಕೆಲಸ ಕಣಯ್ಯಾ, ಓದೋದಲ್ಲ."

ಪೇಂಟರ್ ಬರೆದ. ಒಕ್ಕಣೆಯಲ್ಲಿದ್ದ ಎರಡು ಕಾಗುಣಿತದ ತಪ್ಪನ್ನೂ ತಿದ್ದಿದ.

"ನಮ್ಮನ್ನ ಓಡಿಸೋದಕ್ಕೆ ಇಷ್ಟು ಚೆಂದದ ಅಕ್ಷರ ಬೇಕಿತ್ತಾ?" ಎಂದಳು ಹೆಂಡತಿ. ಅವನು ತಲೆ ತಗ್ಗಿಸಿ ಬ್ರಷ್ ತೊಳೆದ.

ಹತ್ತಕ್ಕೆ ಮನೆ ಬಿಡಿಸಿ ಎಲ್ಲರನ್ನೂ ಒಂದು ಗೋದಾಮಿನಲ್ಲಿ ತುಂಬಿದ್ದರು; ಹನ್ನೆರಡಕ್ಕೆ ಅಲ್ಲಿಂದ ಎಲ್ಲರೂ ಬಂದರು. ಬಡಾವಣೆಯ ಗೇಟಿನಲ್ಲಿ ಕಾವಲುಗಾರ ತಡೆದ. "ಇಲ್ಲಿ ವಾಸ ಇರೋರಿಗೆ ಮಾತ್ರ ಪ್ರವೇಶ."

"ಮೊನ್ನೆ ತನಕ ನಾವೇ ಇದ್ದಿದ್ದಲ್ಲಪ್ಪಾ."

"ಮೊನ್ನೆ ಇದ್ದೋರ ವಿಷಯ ನನಗೆ ಹೇಳಿಲ್ಲ."

ಒಳಗೆ ಶಾಲೆಯ ಧ್ವನಿವರ್ಧಕ ಒಂದೊಂದೇ ಮನೆಯ ನಂಬರನ್ನು ಮೂರು ಮೂರು ಸಲ ಕೂಗತೊಡಗಿತು. ಏಳು ಎಂದಾಗ ಹೆಂಡತಿ ಕಂಬಿ ಹಿಡಿದು, "ಇದ್ದೀವಿ, ಇಲ್ಲೇ ಇದ್ದೀವಿ," ಎಂದು ಕೂಗಿದಳು. ಅಧಿಕಾರಿಗಳೆದುರು ಎಂದೂ ದನಿ ಎತ್ತದ ಪೇಂಟರ್ ಕೂಡ ಗಂಟಲು ಹರಿಯುವಂತೆ ಕೂಗಿದ. ನೋಡನೋಡುತ್ತ ಎಲ್ಲರೂ ದನಿಗೂಡಿಸಿದರು. ಒಳಗೆ ಯಾರೋ ಕಿಟಕಿ ಮುಚ್ಚಿದರು. ಒಬ್ಬರೂ ಹಾಜರಾಗದ ಕಾರಣ ಎಲ್ಲರ ಒಪ್ಪಿಗೆಯಿದೆ ಎಂದು ಸಭೆ ತೀರ್ಮಾನಿಸಿತು.

ಅಷ್ಟಕ್ಕೇ ಬಿಡದೆ, ಸಭೆ ನಡೆಸಿದ ಅಧಿಕಾರಿ ಹೊರಗೆ ಗಲಾಟೆ ಮಾಡಿದವರ ಮೇಲೆ ಮನೆ ನಂಬರ್ ಸಮೇತ ಪೊಲೀಸರಿಗೆ ದೂರು ಕೊಟ್ಟ. ಪೇಂಟರ್ ಅದರ ಪ್ರತಿ ಹಿಡಿದು ಒಬ್ಬ ವಕೀಲೆಯ ಬಳಿ ಓಡಿದ. ಓದುತ್ತಿದ್ದಂತೆ ಆಕೆಯ ಮುಖ ಅರಳಿತು.

"ಇದನ್ನ ಜೋಪಾನ ಮಾಡಿ. ನೀವೆಲ್ಲ ಬಂದಿದ್ರಿ ಅಂತ ಅವರೇ ಸಾಕ್ಷಿ ಬರ್ಕೊಟ್ಟಿದ್ದಾರೆ."

ಆಕೆ ಹೂಡಿದ ದಾವೆಯಲ್ಲಿ, ಮತ್ತೊಮ್ಮೆ ಅಹವಾಲು ಕೇಳಬೇಕೆಂದು ನ್ಯಾಯಾಲಯ ಹೇಳುವಷ್ಟರಲ್ಲಿ ಮನೆಗಳು ನೆಲಸಮವಾಗಿದ್ದವು. ಸಭೆಗೆ ಜಾಗ ಬೇಕಲ್ಲ ಎಂದು ಶಾಲೆಯನ್ನು ಮಾತ್ರ ಉಳಿಸಿದ್ದರು. ಈ ಸಲ ಕುರ್ಚಿ ಹಾಕಿ ಕೂರಿಸಿದರು.

"ನಿಮ್ಮ ಆಕ್ಷೇಪಣೆ ಏನು?" ಅಧಿಕಾರಿ ಮೆತ್ತಗೆ ಕೇಳಿದ.

ದಾರಿಯುದ್ದಕ್ಕೂ ಉರುಹಚ್ಚಿಕೊಂಡು ಬಂದದ್ದೆಲ್ಲ ಎದ್ದು ನಿಂತ ಪೇಂಟರಿಗೆ ಮರೆತುಹೋಯಿತು. ಕಿಟಕಿಯಾಚೆ ಬರೀ ಬಯಲು.

"ಕೆಡವೋಕೆ ಮುಂಚೆ ಕೇಳ್ಬೇಕಿತ್ತು ಸಾರ್. ಇದನ್ನ ಬರ್ಕೊಳ್ಳಿ."

ಗುಮಾಸ್ತ ಅಧಿಕಾರಿಯ ಮುಖ ನೋಡಿದ. ಪೇಂಟರ್ ಕೂರಲಿಲ್ಲ. ಕೊನೆಗೆ ಪೆನ್ನು ಕಾಗದಕ್ಕೆ ತಾಗಿತು. ತನ್ನದನ್ನೂ ಬರೆಸಲು ಎಂಟನೇ ಮನೆಯ ಅಜ್ಜಿ ಕೋಲೂರಿ ಎದ್ದಳು.