ಊರ್ಮಿಳೆಯ ನಿದ್ದೆ

ಹಟ್ಟಿಯಂಗಡಿಯ ಹೆಂಗಸರ ತಾಳಮದ್ದಳೆಯಲ್ಲಿ ವಿನಯಾಳಿಗೆ ಊರ್ಮಿಳೆಯ ಪಾತ್ರ ಸಿಕ್ಕಿತ್ತು. ಒಂದಾದರೂ ಮಾತು ಆಡಬೇಕೆಂದು ಅವಳಿಗೆ ಆಸೆ.

"ನಿಂಗೆ ಮಾತಿಲ್ಲ ಮಾರಾಯ್ತಿ. ಗಂಡ ಕಾಡಿಗೆ ಹೋಪತ್ತಿಗೆ ತಲೆ ಆಡ್ಸ್, ಮತ್ತೆ ಮನಿಕೋ," ಎಂದು ಲಕ್ಷ್ಮಣನಾಗಿ ಅರ್ಥ ಹೇಳುವ ಪ್ರಫುಲ್ಲಕ್ಕ ನಕ್ಕಿದ್ದಳು.

ಪ್ರಸಂಗದ ರಾತ್ರಿ ಮದ್ದಳೆಯ ನಾದಕ್ಕೆ ವಿನಯಾಳ ಕಣ್ಣು ತಾನಾಗಿ ಮುಚ್ಚಿತು. ಅರಮನೆಯ ಹಾಸಿಗೆ ಕಡಲ ಮೇಲೆ ತೇಲುತ್ತಿತ್ತು. ಹದಿನಾಲ್ಕು ವರ್ಷಗಳು ತೆರೆಗಳಂತೆ ಬಂದು ಅವಳ ಪಾದ ಮುಟ್ಟಿ ಹೋದವು.

"ಹೋಗಿ ಬರಲೇ, ಊರ್ಮಿಳೆ?" ಲಕ್ಷ್ಮಣನ ಸ್ವರ ಕೇಳಿತು.

"ನಿಲ್ಲಿ. ನೀನೂ ಬರುತ್ತೀಯಾ ಎಂದು ನನ್ನನ್ನು ಯಾರಾದರೂ ಕೇಳಿದಿರಾ?"

ಅದು ತನ್ನದೇ ಧ್ವನಿ ಎಂದು ವಿನಯಾಳಿಗೆ ತಡವಾಗಿ ತಿಳಿಯಿತು. ಎದುರು ಮಾತಿಗೆ ಉತ್ತರ ಬಾರದೆ, ಹಾಡುವ ಭಾಗವತರು ಮುಂದಿನ ಪದ ಎತ್ತುವಂತಿಲ್ಲ. ಎಲ್ಲರೂ ಪ್ರಫುಲ್ಲಕ್ಕನತ್ತ ತಿರುಗಿದರು.

ಪ್ರಫುಲ್ಲಕ್ಕ ತಾನು ಲಕ್ಷ್ಮಣನೆಂಬುದನ್ನೇ ಮರೆತಳು.

"ಹೌದ್ ಹೆಣ್ಣೇ," ಎಂದಳು ಮೆಲ್ಲಗೆ, "ಯಾರೂ ಕೇಣ್ಲಿಲ್ಲ ಕಾಣ್."