ಲೋಂಡಾದ ಕಾಶವ್ವನ ಪಾತ್ರ

ನನ್ನ ಅಕ್ಕ ರೇಣವ್ವ ಮೂಕಿ ಚಿತ್ರಗಳಲ್ಲಿ ಏಳು ವರ್ಷ ದುಡಿದಳು. ತಾನಿದ್ದ ನಾಟಕ ಕಂಪನಿ ಮುಳುಗಿದ ಮೇಲೆ ಕೊಲ್ಲಾಪುರಕ್ಕೆ ಹೋದಳು, ಅಲ್ಲಿಂದ ಮುಂಬಯಿಗೆ. ರಾಣಿಯ ಸಖಿ, ರಾಕ್ಷಸಿ, ಸೂಲಗಿತ್ತಿ. ಇಪ್ಪತ್ತಾರನೇ ವಯಸ್ಸಿಗೇ ಹಲ್ಲಿಗೆ ಕಪ್ಪು ಬಳಿದುಕೊಂಡು ಮುದುಕಿ. ನಾಯಕಿ ಮಾತ್ರ ಒಮ್ಮೆಯೂ ಆಗಲಿಲ್ಲ. ಅವಳ ಹೆಸರು ಯಾರಿಗೂ ಗೊತ್ತಿಲ್ಲವಲ್ಲ ಎಂದು ನನಗೆ ಹೊಟ್ಟೆ ಉರಿಯುತ್ತಿತ್ತು. ಆ ಉರಿಯೇ ನಮ್ಮ ಮನೆ ಸುಟ್ಟಿತು.

೧೯೨೭ರ ಬೇಸಿಗೆ. ಬೆಳಗಾವಿಯ ಸಿನಿಮಾ ಡೇರೆಗೆ ಅವಳ ಚಿತ್ರ ಬಂತೆಂದು ಅವ್ವನನ್ನು ಗುಂಜಿಯಿಂದ ರೈಲಿನಲ್ಲಿ ಕರೆದೊಯ್ದೆ. ಅವ್ವನ ಕಣ್ಣಿಗೆ ಪೊರೆ ಬಂದಿತ್ತು. ಪರದೆ ಅವಳಿಗೆ ಬರೀ ಬೆಳಕು. ಆದರೆ ಪರದೆಯ ಬಾಜು ಕೋಲು ಹಿಡಿದು ಒಬ್ಬ ನಿಲ್ಲುತ್ತಿದ್ದ, ನಡೆಯುವ ಕತೆಯನ್ನು ಕೂಗಿ ಹೇಳುವವನು. ಅವನ ಕೈಗೆ ಎಲೆಅಡಿಕೆ ಇಟ್ಟು, “ಸೂಲಗಿತ್ತಿ ಪಾತ್ರದಾಗ ನಮ್ಮಕ್ಕ ಗುಂಜಿ ರೇಣವ್ವ ಬಂದಾಗ ಆಕಿ ಖರೇ ಹೆಸರ ಹೇಳ್ರಿ, ನಮ್ಮವ್ವ ಕೇಳಲಿ,” ಎಂದೆ.

ಪುಣ್ಯಾತ್ಮ ಹೇಳಿದ. “ನೋಡ್ರಿ, ನಮ್ಮ ಗುಂಜಿ ರೇಣವ್ವ ಬಂದಳು!” ಜನ ಚಪ್ಪಾಳೆ ತಟ್ಟಿದರು. ಅವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು. ಅರ್ಧ ತಾಸಿನ ಮೇಲೆ ಅವನೇ ಗಂಟಲು ಹರಿಯುವಂತೆ ಕೂಗಿದ: “ಅಯ್ಯಯ್ಯೋ! ಗುಂಜಿ ರೇಣವ್ವನ್ನ ಬಾವ್ಯಾಗ ನೂಕಿದರು! ಸತ್ತಳು, ರೇಣವ್ವ ಸತ್ತಳು!”

ಅವ್ವ ಅಲ್ಲೇ ಎದೆ ಬಡಿದುಕೊಂಡಳು. ಇದು ಆಟ, ಅಕ್ಕ ಮುಂಬಯಿಯಲ್ಲಿ ಚೆನ್ನಾಗಿದ್ದಾಳೆ ಎಂದು ಬಾಯಿ ನೋಯುವಷ್ಟು ಹೇಳಿದೆ.

“ಅಷ್ಟು ಮಂದಿ ಮುಂದ ಊರು, ಹೆಸರು ಹಿಡದ ಹೇಳ್ಯಾನ. ಬಾಳಪ್ಪಾ, ನೀ ಮುಚ್ಚಿಡಬ್ಯಾಡ,” ಎಂದಳು. ಹನ್ನೊಂದನೆಯ ದಿನ ಮಗಳ ಹಳೇ ಸೀರೆಗೆ ವಿಭೂತಿ ಹಚ್ಚಿ ಹಿತ್ತಲಲ್ಲಿ ತಾನೇ ಮಣ್ಣು ಮಾಡಿದಳು.

ತಂತಿ ಕೊಟ್ಟೆ. ಅಕ್ಕ ಓಡಿ ಬಂದಳು. ಹೊಸ್ತಿಲಲ್ಲಿ ನಿಂತು “ಅವ್ವಾ” ಎಂದದ್ದೇ ತಡ, ಅವ್ವ ಒಲೆಯ ಬೂದಿ ಬಾಚಿ ಎರಚಿದಳು. “ಮಣ್ಣ ಮಾಡೀನಿ ನಿನ್ನ! ಮತ್ಯಾಕ ಬಂದಿ?” ಮಗಳ ದೆವ್ವ ಬಂತೆಂದು ಹೆದರಿ ಅವ್ವ ಮೂರು ದಿನ ಜ್ವರದಲ್ಲಿ ನಡುಗಿದಳು.

ನಾಲ್ಕನೆಯ ದಿನ ಅಕ್ಕ ದನಿ ಒಡಕು ಮಾಡಿಕೊಂಡು, ಕೆಲಸ ಕೇಳಿ ಬಂದ ಲೋಂಡಾದ ಕಾಶವ್ವನಾಗಿ ಒಳಗೆ ಬಂದಳು. ವರ್ಷವಿಡೀ ಅವ್ವನಿಗೆ ನೀರೆರೆದಳು, ತಲೆ ಬಾಚಿದಳು, ತುತ್ತು ಕೊಟ್ಟಳು. ಅತ್ತೆಯ ಪಾತ್ರವಿದೆ ಎಂದು ಮುಂಬಯಿಯಿಂದ ಎರಡು ಸಲ ಕಾಗದ ಬಂತು. ಹೋಗಲಿಲ್ಲ. ಸತ್ತ ಮಗಳ ಗುಣಗಳನ್ನು ಅವ್ವ ದಿನವೂ ಅವಳಿಗೇ ಹೇಳುತ್ತಿದ್ದಳು. ಅವಳು “ಹೌದೇನ್ರಿ?” ಎನ್ನುತ್ತಿದ್ದಳು. ನನಗೆ ಕೇಳಲಾಗುತ್ತಿರಲಿಲ್ಲ, ಎದ್ದು ಹೊರಗೆ ಹೋಗುತ್ತಿದ್ದೆ.

ಕೊನೆಯ ದಿನ ಮಧ್ಯಾಹ್ನ ಅವ್ವ ಅವಳ ಕೈ ಹಿಡಿದಳು. “ಕಾಶವ್ವಾ, ನನ್ನ ರೇಣಿ ಹಂಗ ಒಮ್ಮೆ ‘ಅವ್ವಾ’ ಅನ್ನು. ಕೇಳಿ ಹೋಗ್ತೀನಿ.”

ಅಕ್ಕ ನನ್ನ ಮುಖ ನೋಡಿದಳು. ವರ್ಷದ ಒಡಕು ದನಿ ಬಿಟ್ಟು, ತನ್ನದೇ ದನಿಯಲ್ಲಿ ಅಳುತ್ತ “ಅವ್ವಾ” ಎಂದಳು.

ಅವ್ವ ಕಿವಿಗೊಟ್ಟು ಕೇಳಿ ತಲೆ ಅಲ್ಲಾಡಿಸಿದಳು. “ಬಿಡ, ತಂಗಿ. ನಿನಗ ಬರೂದಿಲ್ಲ. ನನ್ನ ರೇಣಿ ಹಿಂಗ ಅಳಾಕಿ ಅಲ್ಲ.”

ಗೋಡೆಯ ಕಡೆ ಹೊರಳಿದಳು. ಮತ್ತೆ ಈ ಕಡೆ ತಿರುಗಲಿಲ್ಲ.