ಬಳುವಳಿಯ ಲಾರಿ

ನನ್ನ ಭಾವ ಸಾತಲಿಂಗಪ್ಪನವರಿಗೆ ಸೊಲ್ಲಾಪುರದಲ್ಲಿ ಸೀರೆಯ ಅಂಗಡಿ ಇತ್ತು. ತಲೆಯಲ್ಲಿ ಮಾತ್ರ ಯಾವಾಗಲೂ ಜನ ಏನಂದಾರು ಎಂಬ ಒಂದೇ ವಿಚಾರ. ನನ್ನ ಗಂಡ ತೀರಿಕೊಂಡ ಮೇಲೆ ನಾನೂ ಮಗಳು ಇಂದುಬಾಯಿಯೂ ಅವರ ಮನೆಯಲ್ಲೇ ಇದ್ದೆವು. ಅವರು ನಮಗೆ ಹೊಟ್ಟೆಗೆ ಬಟ್ಟೆಗೆ ಕಡಿಮೆ ಮಾಡಲಿಲ್ಲ. ಕಡಿಮೆ ಮಾಡಿಲ್ಲವೆಂದು ಮನೆಗೆ ಬಂದವರಿಗೆಲ್ಲ ಹೇಳುವುದನ್ನೂ ಬಿಡಲಿಲ್ಲ.

ಆ ಕಾಲಕ್ಕೆ ಗಂಡನ ಅಣ್ಣನ ಎದುರು ಬಾಯಿಬಿಡುವ ಹಾಗಿರಲಿಲ್ಲ. ಅವರು ಪಡಸಾಲೆಯಲ್ಲಿ ಕೂತಿದ್ದರೆ ನಾನು ಬಾಗಿಲ ಮರೆಗೆ ನಿಂತು, ಸೆರಗನ್ನು ಮುಖದ ಮೇಲೆಳೆದುಕೊಂಡು, ಅವರ ಹೆಂಡತಿ ರತ್ನಾಬಾಯಿಗೆ ಹೇಳಬೇಕು. ಆಕೆ ಗಂಡನಿಗೆ ಹೇಳಬೇಕು. ಅವರು ಹೆಂಡತಿಗೆ ಉತ್ತರ ಕೊಡಬೇಕು, ಆಕೆ ನನಗೆ ತಿಳಿಸಬೇಕು. ನಾಲ್ಕು ಮಾರು ದೂರದಲ್ಲಿ ಎಲ್ಲರಿಗೂ ಎಲ್ಲವೂ ಕೇಳಿಸುತ್ತಿತ್ತು, ಆದರೂ ಕೇಳಿಸದವರಂತೆ ಕಾಯಬೇಕು. ರತ್ನಕ್ಕನಿಗೋ ಜಗಳವೆಂದರೆ ಎದೆ ಹೊಡೆದುಕೊಳ್ಳುತ್ತಿತ್ತು. ನನ್ನ ಬಾಯಿಂದ ಖಾರವಾಗಿ ಹೊರಟ ಮಾತಿಗೆ ಆಕೆ ಬೆಲ್ಲ ಬೆರೆಸಿ ಮುಂದೆ ಸಾಗಿಸುತ್ತಿದ್ದಳು. ಭಾವ ನನ್ನ ಮಾತನ್ನು ಕೇಳಿಸಿಕೊಂಡೂ, ಆಕೆಯ ಬೆಲ್ಲದ ಮಾತಿಗಷ್ಟೇ ಉತ್ತರ ಕೊಡುತ್ತಿದ್ದರು. ಈ ಪದ್ಧತಿ ಅವರಿಗೆ ಬಹಳ ಅನುಕೂಲವಾಗಿತ್ತು.

ಇಂದೂಗೆ ಗಂಡು ಗೊತ್ತಾದದ್ದು ಅಕ್ಕಲಕೋಟೆಯಲ್ಲಿ. ಶಾಂತಲಿಂಗಪ್ಪ ಎಂಬ ದೊಡ್ಡ ಒಕ್ಕಲಿನವರ ಮಗ ಭೀಮಶಾ. ಹೆಣ್ಣು ನೋಡಲು ಬಂದ ದಿನ ನಮ್ಮ ಇಂದು ಚಹಾ ತಂದಿಟ್ಟಳು. ಅಪ್ಪ ಮಗ ಇಬ್ಬರೂ ಆಕೆಯ ಕಡೆಗೊಮ್ಮೆ ನೋಡಿ, ಅಂಗಳಕ್ಕೆ ಹೋಗಿ ಭಾವನ ಮೋಟಾರಿನ ಸುತ್ತ ತಿರುಗಿದರು. ಚಕ್ರ ಒತ್ತಿ ನೋಡಿದರು, ಬಾಗಿಲು ತೆಗೆದು ಹಾಕಿ ನೋಡಿದರು. ಚಹಾ ಆರಿಹೋಯಿತು.

"ನಮ್ಮ ಶೇಂಗಾ ಎಲ್ಲಾ ದುಧನಿ ಪ್ಯಾಟಿಗೆ ಹೋಗ್ತದ್ರಿ," ಎಂದರು ಶಾಂತಲಿಂಗಪ್ಪ, ನಗುತ್ತ. "ಎತ್ತಿನ ಗಾಡಿಲೆ ಸಾಕಾಗಿ ಹೋಗ್ಯದ. ನೀವು ಬಳುವಳಿ ಆಕಳಾ ಕೊಡೂದು ಬಿಡ್ರಿ. ಅದರ ಬದಲಿ ಒಂದು ಸಣ್ಣ ಲಾರಿ ಕೊಟ್ರ ನಿಮಗೂ ಶೋಭಾ, ನಮಗೂ ಉಪಯೋಗ."

ಶೋಭೆ ಎಂಬ ಮಾತು ಕಿವಿಗೆ ಬಿದ್ದದ್ದೇ ತಡ, ಭಾವ ಒಪ್ಪಿದರು. ಹುಡುಗಿಗೆ ಓದು ಬರುತ್ತದೆಯೇ, ಅಡಿಗೆ ಬರುತ್ತದೆಯೇ ಎಂದಾದರೂ ಕೇಳಬಹುದಿತ್ತಲ್ಲ ಎಂದು ನಾನು ಒಳಗೆ ರತ್ನಕ್ಕನ ಮುಂದೆ ಅಂದೆ. ಆಕೆ ಹೊರಗೆ ಹೋಗಿ, "ಪಾರ್ವತಿಗಿ ಸಂಬಂಧ ಮನಸ್ಸಿಗಿ ಬಂದದಂತ," ಎಂದು ಹೇಳಿದಳು.

ಮದುವೆ ಗಂಡಿನ ಮನೆಯಲ್ಲಿ. ನಮ್ಮನ್ನೆಲ್ಲ ಅಕ್ಕಲಕೋಟೆಗೆ ಒಯ್ಯಲು ಭಾವನ ಮನಿಮೋಟಾರು ಸಿದ್ಧವಾಯಿತು. ಅದರ ಕತೆ ಬೇರೆ. ಭಾವ ಕಂಡವರ ಮನೆಯ ನೀರು ಮುಟ್ಟುವವರಲ್ಲ. ಯಾತ್ರೆಗೆ ಹೋದಾಗ ತೊಂದರೆಯಾಗಬಾರದೆಂದು ಒಂದು ಹಳೆಯ ಸರ್ವಿಸ್ ಮೋಟಾರು ಕೊಂಡು, ಒಳಗೆ ಜನ ಕೂಡುವ ಬಾಕುಗಳನ್ನು ಕೀಳಿಸಿ, ಎರಡು ಮಂಚ, ಒಲೆ, ಲಿಂಗಪೂಜೆಗೆ ಒಂದು ಹಲಗೆ ಮಾಡಿಸಿದ್ದರು. ಹಿಂದಿನ ಕಿಟಕಿಗೆ ಹೊಂದಿ ಒಂದೇ ಒಂದು ಬಾಕು ಉಳಿದಿತ್ತು, ಅದರ ಪಕ್ಕಕ್ಕೆ ಕುಡಿಯುವ ನೀರಿನ ತಾಮ್ರದ ಹಂಡೆ. ಊರವರು ಬಾಯಿ ತೆರೆದು ನೋಡುತ್ತಿದ್ದರು. ಒಳಗೆ ಕೂತವರಿಗೆ ಗೊತ್ತು ಅದರ ಸುಖ. ಪೆಟ್ರೋಲು, ಕಮಟು ತುಪ್ಪ, ಯಾರೋ ವಾಂತಿ ಮಾಡಿದ್ದರ ಮೇಲೆ ಚೆಲ್ಲಿದ ಫಿನಾಯಿಲು, ಎಲ್ಲದರ ಮೇಲೆ ಊದುಬತ್ತಿ. ನನಗೆ ಅದರ ಮೆಟ್ಟಿಲು ಹತ್ತುವಾಗಲೇ ಮೂಗು ಮುಚ್ಚಿಕೊಳ್ಳಬೇಕೆನಿಸುತ್ತಿತ್ತು.

ಹೊರಡುವ ಬೆಳಿಗ್ಗೆ ಅಂಗಳಕ್ಕೆ ಬಂದು ನೋಡಿದರೆ, ಹೊಸ ಲಾರಿಯನ್ನು ಮನಿಮೋಟಾರಿನ ಹಿಂದೆ ಹಗ್ಗದಿಂದ ಕಟ್ಟಿದ್ದಾರೆ. ಲಾರಿಯ ಮೂತಿಗೆ ಅರಿಶಿಣ, ವಿಭೂತಿ. ಕಣ್ಣಿನಂಥ ಎರಡು ದೀಪಗಳ ನಡುವೆ ಒಂದು ಕೊರಳಗಂಟೆ.

ಈ ಮನೆತನದ ಪದ್ಧತಿಯೇ ಹಾಗೆ. ಮದುಮಗಳು ಕೂತ ಗಾಡಿಯ ಹಿಂದೆ ಬಳುವಳಿಯ ಆಕಳನ್ನು ಹೊಸ ಹಗ್ಗದಿಂದ ಕಟ್ಟಬೇಕು. ಮದುಮಗಳು ಹಿಂದಕ್ಕೆ ಮುಖ ಮಾಡಿ ಕೂತು, ಗಂಡನ ಊರಿನ ಸೀಮೆ ಮುಟ್ಟುವ ತನಕ ಆಕಳಿನ ಮೇಲೆ ಕಣ್ಣಿಟ್ಟಿರಬೇಕು. ನಡುವೆ ಜಾಗ ಬಿಟ್ಟು ಏಳಬಾರದು. ಆಕಳ ಬದಲು ಲಾರಿ ಬಂತು, ಪದ್ಧತಿ ಮಾತ್ರ ಎಳ್ಳಷ್ಟೂ ಬದಲಾಗಲಿಲ್ಲ.

ಲಾರಿಯಲ್ಲಿ ಯಾರು ಕೂಡುತ್ತಾರೆಂದು ನೋಡಿದೆ. ಯಾರೂ ಇಲ್ಲ. ಅದರ ಸ್ಟೇರಿಂಗನ್ನು ಅತ್ತಿತ್ತ ಅಲುಗದಂತೆ ಒಂದು ಧೋತರದ ತುಂಡಿನಿಂದ ಬಿಗಿದಿದ್ದರು.

ನಾನು ನಂದೇಶ್ವರದ ಒಕ್ಕಲು ಮನೆಯಲ್ಲಿ ಬೆಳೆದವಳು. ಹೇರು ತುಂಬಿದ ಗಾಡಿ ಇಳಿಜಾರಿಗೆ ಬಂದರೆ ಹೇಗೆ ಎತ್ತುಗಳ ಮೈಮೇಲೆ ಹೋಗುತ್ತದೆಂದು ಚಿಕ್ಕಂದಿನಲ್ಲೇ ಕಂಡಿದ್ದೇನೆ. ಗಾಡಿಗೂ ನೊಗಕ್ಕೂ ನಡುವೆ ಗಟ್ಟಿ ಕಟ್ಟಿಗೆ ಇರುವುದರಿಂದ ಎತ್ತು ಬದುಕುತ್ತವೆ. ಹಗ್ಗ ಎಳೆಯುತ್ತದೆ, ತಡೆಯುವುದಿಲ್ಲ. ಇದು ಒಲೆಯ ಮುಂದೆ ಕೂತ ಹೆಂಗಸಿಗೂ ತಿಳಿಯುವ ಮಾತು.

"ಅಕ್ಕಾ," ಎಂದೆ ರತ್ನಾಬಾಯಿಗೆ, ಭಾವನಿಗೆ ಕೇಳುವ ಹಾಗೆ. "ಹಗ್ಗ ಬ್ಯಾಡಂತ ಹೇಳ್ರಿ. ನಡುವ ಒಂದು ಗಟ್ಟಿ ತೊಲಿ ಕಟ್ಟಿ, ಮ್ಯಾಲ ಸರಪಳಿ ಬಿಗೀರಿ ಅನ್ರಿ. ಲಾರಿಯೊಳಗ ಬ್ರೇಕ್ ಹಿಡ್ಯಾಕ ಒಬ್ಬಾಂವ ಬೇಕೇ ಬೇಕು. ಇಲ್ಲಂದ್ರ ಇಳಕಲಿನಾಗ ಅದು ಬಂದು ನನ್ನ ಮಗಳ ಮ್ಯಾಲೇ ಬೀಳ್ತದ."

ರತ್ನಕ್ಕ ಗಂಡನ ಕಡೆ ತಿರುಗಿ, "ಹಗ್ಗ ಇನ್ನಷ್ಟು ಗಟ್ಟಿದು ಇದ್ರ ಛಲೋ ಆಗ್ತಿತ್ತಂತ," ಎಂದಳು.

"ಹೊಸಾ ಹಗ್ಗ ಅದ, ಗಟ್ಟೀನೇ ಅದ," ಎಂದರು ಭಾವ. "ಮತ್ತ ಅಳಿಯಾ ಕೂಡೂಕಿಂತ ಮೊದಲ ಅದರಾಗ ಬ್ಯಾರೆಯವ್ರು ಕೂಡಬಾರದು. ಬಳುವಳಿ ಆಕಳ ಬೆನ್ನ ಮ್ಯಾಲ ಯಾರರೆ ಕೂಡ್ತಾರೇನು? ಹೌದಿಲ್ಲೋ ಪೀರಪ್ಪ?"

ಪೀರಪ್ಪ ಡ್ರೈವರು. ಭಾವ ಸೂರ್ಯ ಪಡುವಣಕ್ಕೆ ಹುಟ್ಟಿದ ಎಂದರೂ ಹೌದೆನ್ನುವವನು. "ಬರೋಬ್ಬರಿ ಅದರಿ ಸಾವಕಾರ್ರ," ಎಂದು ಪೇಟಾ ಸರಿಮಾಡಿಕೊಂಡ. ಅವನು ಕೂಡುವುದು ಮುಂದೆ. ಲಾರಿ ಬಂದು ಬೀಳುವುದು ಹಿಂದೆ.

ಹೊರಟೆವು. ಇಂದು ಹಿಂದಿನ ಬಾಕಿನಲ್ಲಿ, ಕಿಟಕಿಗೆ ಮುಖ ಮಾಡಿ, ಹಸಿರು ಸೀರೆಯಲ್ಲಿ. ನಾನು ಆಕೆಯ ಪಕ್ಕಕ್ಕೆ ಹಂಡೆ ಹಿಡಿದುಕೊಂಡು ಕೂತೆ. ರಸ್ತೆ ಸಮ ಇದ್ದಲ್ಲಿ ಹಗ್ಗ ಬಿಗಿದು ಸಡಿಲಾಗಿ ನಮ್ಮೆಲ್ಲರನ್ನೂ ಕುಲುಕಾಡಿಸಿತು. ಹಳ್ಳಿ ಬಂದಾಗಲೆಲ್ಲ ಭಾವ ಮೋಟಾರು ನಿಲ್ಲಿಸುತ್ತಿದ್ದರು. ನೀರಿಗಲ್ಲ, ನೆರಳಿಗಲ್ಲ. ಜನ ಬಂದು ನೋಡಲಿ ಎಂದು. ವಳಸಂಗದಲ್ಲಿ ಒಬ್ಬ ಮುದುಕ, ಇದನ್ನು ಹಿಂಡಿದರೆ ಎಷ್ಟು ಸೇರು ಕೊಡುತ್ತದೆ ಎಂದು ಕೇಳಿದ. ಅವನು ನಮ್ಮನ್ನು ಗೇಲಿ ಮಾಡಿದ್ದು ಭಾವನಿಗೆ ತಿಳಿಯಲಿಲ್ಲ. ಮೀಸೆ ತಿರುವಿ ನಕ್ಕರು.

ವಳಸಂಗ ದಾಟಿದ ಮೇಲೆ ಒಂದು ಸಣ್ಣ ಇಳಿಜಾರು. ಗಂಟೆಯ ಸದ್ದು ಹತ್ತಿರವಾಯಿತು. ಹಗ್ಗ ಜೋಲು ಬಿದ್ದು ನೆಲದ ಮೇಲೆ ಹರಿದಾಡಿತು. ಲಾರಿಯ ಅರಿಶಿಣದ ಮೂತಿ ಕಿಟಕಿಯಲ್ಲಿ ದೊಡ್ಡದಾಗುತ್ತ ಬಂದು, ಮೋಟಾರಿನ ಬೆನ್ನಿಗೆ ಟಪ್ಪೆಂದು ಮುಟ್ಟಿ, ಹಿಂದೆ ಉಳಿಯಿತು. ಇಂದು ನನ್ನ ಕೈ ಹಿಡಿದುಕೊಂಡಳು.

"ಅವ್ವಾ, ನಾ ಮುಂದ ಕೂಡ್ತೀನಿ."

"ಅಕ್ಕಾ, ಮೋಟಾರ ನಿಲ್ಲಸಂತ ಹೇಳ್ರಿ," ಎಂದೆ ನಾನು. "ಈಗ ಬರೇ ಮುಟ್ಯದ. ಮುಂದ ಹಳ್ಳದ ಇಳಕಲ ಅದ."

"ಸೊಲ್ಪ ಸಾವಕಾಶ ಹೊಡೀಬೇಕಂತ," ಎಂದಳು ರತ್ನಕ್ಕ.

ಭಾವ ಮಂಚದ ಮೇಲೆ ಒರಗಿದಲ್ಲಿಂದಲೇ ನಕ್ಕರು. "ಶಕುನ ಛಲೋ ಆತು. ಆಕಳಾ ಹುಡುಗೀನ ಮೂಸಿ ನೋಡಾಕತ್ತದ, ಗುರ್ತು ಹಿಡಕೊಳ್ಳಲಿ ಅಂತ ಹೇಳು."

ಆ ನಗು ಇವತ್ತಿಗೂ ನೆನಪಾದರೆ ಬಾಯಿ ಕಹಿಯಾಗುತ್ತದೆ. ತಮ್ಮನ ಮಗಳ ಮುಖದ ಮೇಲೆ ಕಬ್ಬಿಣ ಬರುತ್ತಿದೆ, ಇವರು ಎಲೆ ಅಡಿಕೆ ಮೆಲ್ಲುತ್ತ ಶಕುನ ಹೇಳುತ್ತಾರೆ. ಅಕ್ಕಲಕೋಟೆಯ ಸಮೀಪದ ದೊಡ್ಡ ಇಳಿಜಾರು ಕಾಣಿಸುತ್ತಲೇ ನಾನು ಯಾರನ್ನೂ ಕೇಳಲಿಲ್ಲ. ಇಂದೂನ ರಟ್ಟೆ ಹಿಡಿದೆಬ್ಬಿಸಿ, ಎಳೆದುಕೊಂಡು ಮುಂದೆ ಹೋಗಿ, ಡ್ರೈವರನ ಬೆನ್ನಿಗೆ ಕೂಡಿಸಿದೆ.

"ಪಾರ್ವತೀ, ಸೀಮಿ ಇನ್ನ ಬಂದಿಲ್ಲ. ಹುಡುಗಿ ಜಾಗಾ ಬಿಡಬಾರದು," ಎಂದು ರತ್ನಕ್ಕ ಗಾಬರಿಯಾದಳು.

ಇಳಿಜಾರಿನ ಬುಡದಲ್ಲಿ ಕುರಿಗಳು ರಸ್ತೆಗೆ ಅಡ್ಡ ಬಂದವು. ಪೀರಪ್ಪ ಬ್ರೇಕು ತುಳಿದ. ನಮ್ಮ ಮೋಟಾರು ನಿಂತಿತು, ಲಾರಿ ನಿಲ್ಲಲಿಲ್ಲ. ಮೊದಲು ಗಂಟೆ ಕೇಳಿಸಿತು, ಆಮೇಲೆ ಸಿಡಿಲು ಹೊಡೆದಂಥ ಸದ್ದು. ನಾನೂ ರತ್ನಕ್ಕನೂ ಒಬ್ಬರ ಮೇಲೊಬ್ಬರು ಬಿದ್ದೆವು. ಒಲೆಯ ಬೂದಿ ಎಲ್ಲರ ಮುಖಕ್ಕೂ ಹಾರಿತು.

ಎದ್ದು ನೋಡಿದರೆ ಮೋಟಾರಿನ ಹಿಂಬದಿಯ ಹಲಗೆ ಒಳಕ್ಕೆ ಬಂದಿತ್ತು. ಇಂದು ಕೂತಿದ್ದ ಬಾಕು ಸೀಳಿ ಎರಡಾಗಿತ್ತು. ತಾಮ್ರದ ಹಂಡೆ ತಟ್ಟೆಯಷ್ಟು ಚಪ್ಪಟೆಯಾಗಿ ಗೋಡೆಗೆ ಅಂಟಿಕೊಂಡಿತ್ತು. ಮುರಿದ ಕಿಟಕಿಯಿಂದ ಲಾರಿಯ ಮೂತಿ ಒಳಗೆ ಇಣುಕುತ್ತಿತ್ತು. ನಾನು ಆ ಹಂಡೆಯನ್ನೇ ನೋಡುತ್ತ ನಿಂತೆ.

ಭಾವ ಮೊದಲು ಜಿಗಿದದ್ದು ಕೆಳಗೆ. ಇಂದೂನ ಕಡೆ ತಿರುಗಿಯೂ ನೋಡದೆ ಲಾರಿಯ ಮುಂದೆ ಹೋಗಿ ನಿಂತರು. ನುಗ್ಗಾದ ಮೂತಿಯ ಮೇಲೆ ಕೈಯಾಡಿಸಿ, ಹೆಂಡತಿಯನ್ನು ಕರೆದರು.

"ನೋಡಿದ್ಯಾ? ಹುಡುಗಿ ಜಾಗಾ ಬಿಟ್ಟು ಎದ್ಳು, ಅದಕ್ಕ ಹಿಂಗಾತು. ಆಕಿ ಅವ್ವಗ ಹೇಳು."

ರತ್ನಕ್ಕ ನನ್ನ ಕಡೆ ನೋಡಿದಳು. ಆಮೇಲೆ ತಿರುಗಿ, ಗೋಡೆಗೆ ಅಂಟಿದ್ದ ಹಂಡೆಯನ್ನು ಕಿತ್ತು ತೆಗೆದಳು.

ನಮ್ಮನ್ನು ಎದುರುಗೊಳ್ಳಲು ಸೀಮೆಯಲ್ಲಿ ಕಾಯುತ್ತಿದ್ದ ಬೀಗರು ಸದ್ದು ಕೇಳಿ ಓಡಿಬಂದರು. ಬಾಜಾದವರೂ ಬಂದರು. ಶಾಂತಲಿಂಗಪ್ಪ ಲಾರಿಯ ಸುತ್ತ ತಿರುಗಿ, "ಇಂಜಿನ್ನಿಗಿ ಏನೂ ಆಗಿಲ್ಲಲ್ಲ?" ಎಂದು ಕೇಳಿದರು. ಭೀಮಶಾ ರುಮಾಲಿನ ತುದಿಯಿಂದ ಅದರ ಒಡೆದ ದೀಪದ ಸುತ್ತ ಒರೆಸುತ್ತ ಕುಕ್ಕರಗಾಲಲ್ಲಿ ಕೂತ. ಇಂದು ಮೋಟಾರಿನ ಬಾಗಿಲಲ್ಲಿ ನಿಂತಿದ್ದಳು. ಹಣೆಯ ತುಂಬ ಬೂದಿ, ಒಂದು ಕೈಯ ಬಳೆ ಒಡೆದು ಮಣಿಕಟ್ಟಿನಿಂದ ರಕ್ತ. ನಾಳೆ ಆಕೆಗೆ ತಾಳಿ ಕಟ್ಟುವವನು ತಲೆ ಎತ್ತಲಿಲ್ಲ. ಸೊಸೆಗೆ ಪೆಟ್ಟಾಯಿತೇ ಎಂದು ಆ ಗುಂಪಿನಲ್ಲಿ ಒಬ್ಬನ ನಾಲಿಗೆಯೂ ಹೊರಳಲಿಲ್ಲ.

"ಹುಡುಗಿ ಜಾಗಾ ಬಿಟ್ಟಳಂತ," ಎಂದು ಭಾವ ಅವರಿಗೂ ಹೇಳಿದರು. ಶಾಂತಲಿಂಗಪ್ಪ ಲೊಚಗುಟ್ಟಿ, "ಹೆಂಗಸರಿಗಿ ರೀತಿ ರಿವಾಜ ಮೊದಲ ಹೇಳಿಕೊಡಬೇಕಾಗಿತ್ತು," ಎಂದರು.

ಆಮೇಲೆ ಅವರು ಮಾಡಿದ ಕೆಲಸ ನೋಡಿ. ಲಾರಿ ಹೊಡೆಯಲು ಭೀಮಶಾನಿಗೆ ಬಾರದು, ಬೇರೆಯವರು ಕೂಡಬಾರದು, ಅದಕ್ಕೆ ತಮ್ಮ ಗಾಡಿಯ ಎತ್ತುಗಳನ್ನು ಬಿಚ್ಚಿ ತಂದರು. ಹೊಲದಿಂದ ಒಂದು ಜಾಲಿಯ ತೊಲೆ ತರಿಸಿದರು. ಹಗ್ಗ ಬೇಡ, ಇಳಿಜಾರಿನಲ್ಲಿ ಎತ್ತಿನ ಮೇಲೆ ಹೋದೀತು ಎಂದು ಶಾಂತಲಿಂಗಪ್ಪನವರೇ ಹೇಳಿ, ತೊಲೆಯನ್ನು ಲಾರಿಗೂ ನೊಗಕ್ಕೂ ನಡುವೆ ಸರಪಳಿಯಿಂದ ಬಿಗಿಸಿದರು. ಬ್ರೇಕು ಹಿಡಿಯಲು ಭೀಮಶಾನನ್ನು ಒಳಗೆ ಕೂಡಿಸಿದರು. ಭಾವ ತಲೆಯಾಡಿಸುತ್ತ ನೋಡಿದರು. ನನ್ನ ಮಗಳಿಗಾಗಿ ಯಾರಿಗೂ ಹೊಳೆಯದ ಬುದ್ಧಿ ಎತ್ತಿಗಾಗಿ ಎಲ್ಲರಿಗೂ ಹೊಳೆದಿತ್ತು. ನನಗೆ ಅವರ ಮುಖಗಳ ಮೇಲೆ ಅಸಹ್ಯ ಹುಟ್ಟಿತು, ಒಬ್ಬೊಬ್ಬರ ಮೇಲೂ.

"ಹೆಣ್ಣಮಕ್ಕಳು ಇಲ್ಲೇ ಕೂಡ್ಲಿ," ಎಂದರು ಶಾಂತಲಿಂಗಪ್ಪ. "ಮುರದ ಮೋಟಾರಿನಾಗ ಸೊಸಿ ಸೀಮಿ ದಾಟಬಾರದು. ಲಾರಿ ಮನಿಗಿ ಮುಟ್ಟಿಸಿ, ಸಂಜಿಕ ಗಾಡಿ ಕಳಸ್ತೀವಿ." ಭಾವ ಲಾರಿಯ ಪಕ್ಕಕ್ಕೆ ನಡೆಯಲು ಹೊರಟರು. ಬಾಜಾದವರು ಊದಲು ಸುರುಮಾಡಿದರು.

ನಾನು ಕೆಳಗಿಳಿದೆ. ಇಷ್ಟು ವರ್ಷ ಮುಖದ ಮೇಲಿದ್ದ ಸೆರಗನ್ನು ಹಿಂದಕ್ಕೆ ಸರಿಸಿ ರಸ್ತೆಯ ನಡುವೆ ನಿಂತೆ. ಎತ್ತುಗಳು ನಿಂತವು, ಬಾಜಾ ನಿಂತಿತು. ಭಾವ ನನ್ನ ಮುಖವನ್ನು ನೇರ ನೋಡಿದ್ದು ಅದೇ ಮೊದಲು.

"ಬೀಗರ," ಎಂದೆ ಲಾರಿಯ ಕಡೆ ಕೈ ತೋರಿಸಿ, "ನಿಮ್ಮ ಸೊಸಿ ನಿಮ್ಮ ಮನಿಗಿ ಹೊಂಟಾಳ. ಅರಿಶಿಣ ಆಗಲೇ ಹಚ್ಚ್ಯದ. ಆರತಿ ಎತ್ತಿ ಒಳಗ ಕರಕೋರಿ. ನನ್ನ ಮಗಳನ್ನ ನಾ ಸೊಲ್ಲಾಪುರಕ್ಕ ಕರಕೊಂಡು ಹೋಗ್ತೀನಿ."

ಭಾವ ಎಲ್ಲವನ್ನೂ ಕೇಳಿದ್ದರು. ಆದರೆ ನನಗೆ ಉತ್ತರ ಕೊಡುವುದು ಪದ್ಧತಿಯಲ್ಲವಲ್ಲ. ಹೆಂಡತಿಯ ಕಡೆ ತಿರುಗಿದರು.

"ರತ್ನಾ, ಏನಂತಾಳ ಆಕಿ?"

ರತ್ನಕ್ಕ ಅಷ್ಟೂ ಹೊತ್ತು ಆ ಚಪ್ಪಟೆ ಹಂಡೆಯನ್ನು ಮಡಿಲಲ್ಲಿಟ್ಟುಕೊಂಡು ಬಾಗಿಲಲ್ಲಿ ಕೂತಿದ್ದಳು. ಈಗ ಅದನ್ನು ಎತ್ತಿ ರಸ್ತೆಗೆ, ಗಂಡನ ಕಾಲ ಬಳಿ ಎಸೆದಳು.

"ನಿಮ್ಮ ಸೊಸಿ ಹೊಂಟಾಳ, ಆರತಿ ಎತ್ತಿ ಒಳಗ ಕರಕೋರಿ ಅಂತ," ಎಂದಳು, ಒಂದು ಮಾತೂ ಬಿಡದೆ. "ಆಕಿ ತನ್ನ ಮಗಳನ್ನ ಸೊಲ್ಲಾಪುರಕ್ಕ ಕರಕೊಂಡು ಹೋಗ್ತಾಳಂತ. ಪೀರಪ್ಪ, ಮೋಟಾರ ಹೊರಳಸು."